ಹೆಣಕ್ಕೆ ಬೈಯುವ ನಂಟ

ಗಂಡ ಅಂಬೆರೆಯ ಹೆಣ ಅಂಗಳದಲ್ಲಿತ್ತು. ಯಾಪಿರೆ ಮಾತ್ರ ಕೂತಲ್ಲಿ ಕೂರದೆ ಒಳಗೂ ಹೊರಗೂ ಓಡಾಡುತ್ತಲೇ ಇದ್ದಳು. ಮಾಲಿ ದೇಶದ ಬೆಟ್ಟದ ಮೇಲೆ ಈರುಳ್ಳಿ ಬೆಳೆಯುವ ದೊಗೋನರು ಅವಳ ಜನ. ಕೆಳಗೆ ಹೊಳೆಯಲ್ಲಿ ಮೀನು ಹಿಡಿಯುವ ಬೋಜೋಗಳಿಗೂ ಇವರಿಗೂ ಮುತ್ತಜ್ಜಂದಿರ ಕಾಲದಿಂದ ಸಲಿಗೆಯಿಂದ ಬೈದಾಡುವ ನಂಟು. ಬೋಜೋ ಒಬ್ಬ ಬಂದು ಬೈಯದೆ ಅವಳ ಮನೆಯಲ್ಲಿ ಹೆಣ ಎತ್ತಿದ್ದೇ ಇಲ್ಲ.

ಕೊನೆಗೂ ದೋಣಿ ನಡೆಸುವ ಬೋಜೋ, ಕರಬೆಂತ, ಬಂದ, ಹೆಣದ ಹತ್ತಿರ ನಿಂತು ಏನೋ ಅಂದ. ಯಾಪಿರೆಯ ಕಿವಿಯೊಳಗಿನ ತರ್ಜುಮೆ ಯಂತ್ರ, ಕಿವಿಬೀಜ, ಅದನ್ನು ಅವಳ ಮಾತಿಗೆ ತಿರುಗಿಸಿತು: "ಮಾನ್ಯರ ಅಗಲಿಕೆಯಿಂದ ಬಹಳ ದುಃಖವಾಗಿದೆ, ತಾಯಿ."

ಎಲ್ಲರ ಕಿವಿಗೂ ಬೀಜ ಬಂದು ಇಪ್ಪತ್ತು ವರ್ಷವಾಗಿತ್ತು. ಹೋದ ತಿಂಗಳಿಂದ ಅದು ಕೆಟ್ಟ ಮಾತನ್ನೆಲ್ಲ ಸೋಸಿ ಹೇಳುತ್ತಿತ್ತು. ಇವನು ಬೈದನೋ, ಇಲ್ಲಾ ನಂಟು ಕಡಿದುಕೊಂಡು ಪರಕೀಯನ ಹಾಗೆ ದುಃಖ ಹೇಳಿದನೋ?

"ಹೊತ್ತಾಯ್ತು ಅತ್ತಿಗೆ, ಎತ್ತೋಣ," ಎಂದ ಮೈದುನ.

"ತಡಿಯಪ್ಪಾ." ಅವಳು ಬೀಜ ಕಿತ್ತು ಕರಬೆಂತನ ತೋಳು ಹಿಡಿದಳು. "ಇನ್ನೊಂದು ಸಲ ಹೇಳು."

ಬೋಜೋ ಮಾತಿನಲ್ಲಿ ನೀರಿಗೆ ಏನನ್ನುತ್ತಾರೆ ಅನ್ನುವುದೂ ಅವಳಿಗೆ ಗೊತ್ತಿಲ್ಲ. ಗೊತ್ತಿದ್ದದ್ದು ಬೈಗುಳ ಮಾತ್ರ, ಚಿಕ್ಕಂದಿನಿಂದ ಸಂತೆಯಲ್ಲಿ ಬೈಸಿಕೊಂಡು ಕಲಿತದ್ದು.

ಕರಬೆಂತ ಕಣ್ಣೊರೆಸಿಕೊಂಡು ಕೂಗಿದ: "ಏಳೋ ಈರುಳ್ಳಿ ಬುರುಡೆ! ಮೈಗಳ್ಳ! ಹೊರೋಕೆ ನಾಲ್ಕು ಜನ ಬೇಕಾದ ಸೋಮಾರಿ ಕತ್ತೆ!"

ಒಂದು ಪದವೂ ತಪ್ಪದೆ ತಿಳಿಯಿತು.

"ಮುಚ್ಚೋ ಬಾಯಿ, ಕೊಳೆತ ಮೀನೇ!" ಎಂದು ಯಾಪಿರೆ ಅವನ ಮಾತಿನಲ್ಲೇ ಬೈದಳು. ಆಮೇಲೆ, ಅವತ್ತು ಮೊದಲ ಸಲ, ಕೂತು ಅತ್ತಳು.