ಕೊನೆಯ ಕಂಬ

"ಅತ್ತೆ, ದಯವಿಟ್ಟು ವಾಪಸ್ ಹೋಗಿ. ನಿಮ್ಮನ್ನ ಒಳಗೆ ಬಿಟ್ರೆ ನನ್ನ ಕೆಲಸ ಹೋಗುತ್ತೆ."

ಹೋಟೆಲಿನ ಕಡಲ ಕಡೆಯ ಗೇಟಿನಲ್ಲಿ ಕಾವಲುಗಾರ ಕೈಮುಗಿದು ನಿಂತಿದ್ದ. ಎದುರಿಗೆ ಅವನ ಹೆಂಡತಿಯ ತಾಯಿ. ಅವಳ ಹಿಂದೆ ಅದೇ ಹೋಟೆಲಿನ ಬಟ್ಟೆ ಒಗೆಯುವ ಹತ್ತು ಹೆಂಗಸರು, ಕಂಕುಳಲ್ಲಿ ಒಣಬಟ್ಟೆಯ ಗಂಟು. ಸುಡುವ ಬೇಸಿಗೆ, ಅವರಿಗೆ ವಾರದ ರಜೆ. ತಂತಿಬೇಲಿಯ ಆಚೆ ನುಣುಪು ಮರಳು, ಬಣ್ಣದ ಕೊಡೆಗಳು. ಈಚೆ ಬರೀ ಬಂಡೆ.

"ನಿಮ್ಮ ಕೆಲಸ ಯಾಕೆ ಹೋಗ್ಬೇಕು ಅಳಿಯಂದ್ರೇ? ಗೇಟು ತೆಗೀರಿ ಅಂದ್ನಾ ನಾನು? ಗಂಟೆ ಎಷ್ಟು, ಅದಷ್ಟು ಹೇಳಿ."

"ಹನ್ನೊಂದೂವರೆ."

"ಇನ್ನರ್ಧ ಗಂಟೆ. ಕೂತ್ಕೊಳ್ರೇ," ಎಂದು ಅತ್ತೆ ಬಂಡೆಯ ಮೇಲೆ ಕುಳಿತಳು.

ಬೇಲಿ ಬರುವ ಮೊದಲು ಇದೇ ಮರಳಲ್ಲಿ ಆಡಿ ಬೆಳೆದವಳು ಅವಳು. ಆಮೇಲೆ ಇಪ್ಪತ್ತೆರಡು ವರ್ಷ ಹೋಟೆಲಿನ ನೆಲಮಾಳಿಗೆಯಲ್ಲಿ ಅತಿಥಿಗಳ ಟವೆಲ್ಲಿನಿಂದ ಈ ಮರಳನ್ನು ಕೊಡವಿದ್ದಳೇ ಹೊರತು ಇದರ ಮೇಲೆ ಕಾಲಿಟ್ಟಿರಲಿಲ್ಲ. ಕಡಲು ಉಬ್ಬಿದಾಗಲೆಲ್ಲ ಮೋರಿಯ ನೀರು ಹಿಂದಕ್ಕೆ ನುಗ್ಗಿ ಒಗೆಯುವ ಕೋಣೆಯಲ್ಲಿ ಮೊಣಕಾಲುದ್ದ ನಿಲ್ಲುತ್ತಿತ್ತು. ಕಡಲು ಇಳಿದಾಗ ಬತ್ತುತ್ತಿತ್ತು. ಮೋರಿ ಸರಿಮಾಡಿಸಿ ಎಂದು ಕೊಟ್ಟ ಅರ್ಜಿಗಳಿಗೆ ಮ್ಯಾನೇಜರು ಉತ್ತರಿಸಲಿಲ್ಲ. ಕಡಲು ಮಾತ್ರ ದಿನಾ ಪಾಠ ಹೇಳಿತು. ಯಾವ ದಿನ, ಎಷ್ಟು ಹೊತ್ತಿಗೆ, ಎಷ್ಟು ದೂರ ಅದು ಸರಿಯುತ್ತದೆಂದು ಆ ಹನ್ನೊಂದು ಜನರ ಕಾಲುಗಳಿಗೆ ಗೊತ್ತಿತ್ತು.

ಹನ್ನೆರಡಕ್ಕೆ, ನೀರೊಳಗೆ ಇಳಿದಿದ್ದ ಬೇಲಿಯ ಕೊನೆಯ ಕಂಬ ಬುಡ ತೋರಿಸಿತು. ಹೆಂಗಸರು ಅದನ್ನು ಸುತ್ತುಹಾಕಿಕೊಂಡು ಆಚೆ ನಡೆದರು, ಆಮೇಲೆ ಓಡಿದರು. ಮೊದಲ ಅಲೆಯೇ ಅತ್ತೆಯನ್ನು ಕೆಡವಿ ಕೂರಿಸಿತು. ಅವಳು ಕೇಕೆ ಹಾಕಿದಳು. ಒಗೆಯುವ ಸೋಡಾ ತಿಂದುಹಾಕಿದ್ದ ಕೈಗಳ ಬಿರುಕಿಗೆ ಉಪ್ಪು ಹತ್ತಿತು.

"ಉರಿಯುತ್ತೆ ಕಣಕ್ಕಾ!"

"ಉರೀಲಿ ಬಿಡೇ! ಇವತ್ತು ನಮ್ಮ ಖುಷಿಗೆ ಉರೀತಿದೆ."

ಮ್ಯಾನೇಜರು ಬೂಟುಗಾಲಲ್ಲಿ ಮರಳು ತುಳಿಯುತ್ತ ಓಡಿಬಂದ. "ಗೇಟು ಯಾಕೋ ತೆಗೆದೆ?"

"ತೆಗೆದಿಲ್ಲ ಸಾರ್. ಬೀಗ ನೋಡಿ," ಎಂದ ಕಾವಲುಗಾರ.

"ಮತ್ತೆ ಅವರು?"

"ಕೊನೇ ಕಂಬದ ತನಕ ಕಾಯಿ, ಅದರಾಚೆ ನೀರು ನಮ್ಮದಲ್ಲ ಅಂತ ನೀವೇ ಹೇಳಿದ್ರಿ. ಅವರು ಅದರಾಚೇನೇ ಇದಾರೆ, ಸಾರ್."

ಮ್ಯಾನೇಜರು ನೀರಿನತ್ತ ಕೂಗಿದ: "ನಾಳೆಯಿಂದ ಒಬ್ಬಳೂ ಕೆಲಸಕ್ಕೆ ಬರಬೇಡಿ!"

ಅತ್ತೆ ಸೊಂಟದುದ್ದ ನೀರಲ್ಲಿ ಎದ್ದು ನಿಂತಳು. "ಆಗ್ಲಿ ಸಾರ್. ನಿನ್ನೆ ರಾತ್ರಿನೇ ಎಂಟುನೂರು ಟವೆಲ್ಲು ನೆನೆಹಾಕಿದೀವಿ. ಸಂಜೆ ಆರಕ್ಕೆ ಮೋರಿ ನೀರು ಮೇಲೆ ಬರುತ್ತೆ, ಪ್ಯಾಂಟು ಮಡಚ್ಕೊಂಡು ಇಳೀರಿ!"

ಕೊಡೆಗಳ ಕೆಳಗೆ ಯಾರೋ ಗೊಳ್ಳೆಂದು ನಕ್ಕರು. ಮ್ಯಾನೇಜರು ತನ್ನ ಇಸ್ತ್ರಿ ಪ್ಯಾಂಟು ನೋಡಿಕೊಂಡ. ಅದನ್ನು ಒಗೆದವಳೂ ಅಲ್ಲೇ ನೀರು ಎರಚುತ್ತಿದ್ದಳು. "ನಾಳೆ ಹೊತ್ತಿಗೆ ಸರಿಯಾಗಿ ಬನ್ನಿ," ಎಂದು ಗೊಣಗಿ ತಿರುಗಿದ.

"ಮೋರೀನೂ ಹೊತ್ತಿಗೆ ಸರಿಯಾಗಿ ರಿಪೇರಿ ಆಗ್ಲಿ ಸಾರ್!" ಹನ್ನೊಂದು ಗಂಟಲುಗಳು ಬೆನ್ನಟ್ಟಿದವು.

ನೀರು ಮತ್ತೆ ಏರುವ ಮೊದಲು ಅವರು ಬಟ್ಟೆ ಬದಲಿಸಿ, ಒದ್ದೆಯವನ್ನು ಹಿಂಡಿ, ಕೊಡವಿ, ತಂತಿಯ ಉದ್ದಕ್ಕೂ ಹರವಿದರು. ಒಂದು ಸೀರೆ ಗಾಳಿಗೆ ಜಾರಿ ಬಿತ್ತು. ಕಾವಲುಗಾರ ಬಂದು ಎತ್ತಿ, ಮರಳು ಕೊಡವಿ, ಮತ್ತೆ ಹಾಕಿದ. ಕಟ್ಟಿದ ಮೇಲೆ ಮೊದಲ ಸಲ ಆ ಬೇಲಿ ಒಂದು ಕೆಲಸಕ್ಕೆ ಬಂದಿತ್ತು.