ಜೊತೆಗೆ ಬಂದವರು

"ಜೊತೆಗೆ ಯಾರು ಬಂದಿದಾರೆ?" ಕಣ್ಣಾಸ್ಪತ್ರೆಯ ನರ್ಸ್ ತಲೆ ಎತ್ತದೆ ಕೇಳಿದಳು.

"ಒಬ್ಬಳೇ ಬಂದೆ," ಎಂದಳು ಗಡಿಯಾರ ರಿಪೇರಿಯವಳು.

"ಹೋದ ಸಲಾನೂ ಹೇಳಿದ್ನಲ್ಲ ಮೇಡಂ. ಡ್ರಾಪ್ಸ್ ಹಾಕಿದ್ರೆ ಮೂರು ಗಂಟೆ ಕಣ್ಣು ಮಂಜಾಗತ್ತೆ. ಜೊತೆಯವರು ಸೈನ್ ಮಾಡದೆ ಹಾಕೋ ಹಾಗಿಲ್ಲ."

ಹೀಗೆ ವಾಪಸಾಗುತ್ತಿರುವುದು ಇದು ಮೂರನೇ ಸಲ. ಬಲಗಣ್ಣಿನಲ್ಲಿ ಕಪ್ಪು ಚುಕ್ಕೆಯೊಂದು ಈಜಾಡಲು ಶುರುವಾಗಿ ತಿಂಗಳಾಗಿತ್ತು. ಆ ಕಣ್ಣು ಹೋದರೆ ಕೆಲಸವೂ ಹೋದಂತೆ. ಅವಳ ಫೋನಿನಲ್ಲಿ ಇನ್ನೂರು ನಂಬರುಗಳಿದ್ದವು. 'ಗಾಜು ಒಡೆದವರು', 'ನಿಧಾನ ಓಡುವ ಅಲಾರಂ', ಎಲ್ಲ ಗಿರಾಕಿಗಳೇ. ಆಸ್ಪತ್ರೆಗೆ ಬನ್ನಿ ಎಂದು ಕರೆಯಬಹುದಾದ ಒಂದು ನಂಬರೂ ಅದರಲ್ಲಿರಲಿಲ್ಲ.

"ನಿಮ್ಮನ್ನೂ ಓಡಿಸಿದ್ರಾ?" ಬೆಂಚಿನ ಮೇಲಿದ್ದ ದಪ್ಪನೆಯ ಹೆಂಗಸು ನಕ್ಕಳು. ಹೋಟೆಲೊಂದರಲ್ಲಿ ಬಟ್ಟೆ ಇಸ್ತ್ರಿ ಮಾಡುವವಳಂತೆ. "ನಂದೂ ಅದೇ ಕಥೆ. ಒಂದ್ ಕೆಲ್ಸ ಮಾಡೋಣ. ನನ್ನ ಜೊತೆಗೆ ನೀವು ಬಂದಿದೀರಿ, ನಿಮ್ಮ ಜೊತೆಗೆ ನಾನು ಬಂದಿದೀನಿ."

"ಸಂಬಂಧ ಏನೂಂತ ಬರೀಬೇಕಲ್ಲ?"

"ಅಕ್ಕ ಅಂತ ಬರೀರಿ."

"ಇಬ್ರೂ ಅಕ್ಕ ಆಗೋದು ಹೇಗೆ?"

"ಹೌದಲ್ಲ! ಹಾಗಾದ್ರೆ ಅತ್ತಿಗೆ ಅಂತ ಹಾಕಿ. ಅತ್ತಿಗೆ ಅಂದ್ರೆ ಯಾರೂ ಜಾಸ್ತಿ ವಿಚಾರಿಸೋಕೆ ಹೋಗಲ್ಲ."

ಇಬ್ಬರೂ ಬೇರೆ ಬೇರೆ ಕೌಂಟರಿಗೆ ಹೋಗಿ, ಒಬ್ಬರಿಗೊಬ್ಬರು ಸೈನ್ ಮಾಡಿದರು. ಡ್ರಾಪ್ಸ್ ಬಿತ್ತು. ಚುಕ್ಕೆಯಿಂದ ಏನೂ ಅಪಾಯವಿಲ್ಲ ಎಂದರು ಡಾಕ್ಟರು. ಗಡಿಯಾರ ರಿಪೇರಿಯವಳಿಗೆ ಕುಣಿಯುವುದೊಂದು ಬಾಕಿ. ಹೊಸ ಅತ್ತಿಗೆಯ ಕೈ ಹಿಡಿದು ಹೊರಬಾಗಿಲವರೆಗೆ ಬಂದವಳು ನಿಂತಳು.

"ಎಷ್ಟು ಮೆಟ್ಲಿದೆ, ನೋಡಿ ಹೇಳಿ ಅತ್ತಿಗೆ."

"ಅಯ್ಯೋ, ನೀವು ನೋಡ್ತೀರಿ ಅಂತ ನಾನು ಕೈ ಹಿಡ್ಕೊಂಡ್ ಬಂದ್ರೆ!"

ಇಬ್ಬರಿಗೂ ಒಟ್ಟಿಗೆ ಉಕ್ಕಿ ಬಂದ ನಗುವಿಗೆ ಕಾವಲುಗಾರ ತಿರುಗಿ ನೋಡಿದ.

ತಡವರಿಸುತ್ತ ಮೊದಲ ಮೆಟ್ಟಿಲ ಮೇಲೆಯೇ ಕುಳಿತರು. ಹೋಟೆಲಿನ ಹಾಳು ಇಸ್ತ್ರಿಪೆಟ್ಟಿಗೆ, ಅಂಗಡಿಯ ಜಗಳಗಂಟ ಗಿರಾಕಿಗಳು, ಗೋಡೆಯಾಚೆ ಗೊರಕೆ ಹೊಡೆಯುವ ಮುಖ ಕಾಣದ ನೆರೆಯವರು... ಮಾತು ಮುಗಿಯಲಿಲ್ಲ. ಬಿಸಿಲು ಮೆಟ್ಟಿಲಿಳಿದು ರಸ್ತೆಗೆ ಹೋಯಿತು. ಎದುರು ಗೋಡೆಯ ಜಾಹೀರಾತಿನ ಅಡಿಯಲ್ಲಿದ್ದ ಇರುವೆಸಾಲಿನಂಥ ಅಕ್ಷರಗಳನ್ನು ಗಡಿಯಾರ ರಿಪೇರಿಯವಳು ಒಂದೂ ಬಿಡದೆ ಓದಿ ಮುಗಿಸಿದಳು.

"ನಿಮಗೆ ಈಗ ಕಾಣ್ತಿದೆಯಾ?" ಅತ್ತಿಗೆ ಕೇಳಿದಳು.

"ಇಲ್ಲಪ್ಪ, ಇನ್ನೂ ಮಂಜು ಮಂಜು. ನಿಮಗೆ?"

"ನನಗಂತೂ ಏನೇನೂ ಕಾಣ್ತಿಲ್ಲ," ಎನ್ನುತ್ತ ಆಕೆ, ಇವಳ ಭುಜದ ಮೇಲಿದ್ದ ಕೂದಲೆಳೆಯೊಂದನ್ನು ಮೆಲ್ಲಗೆ ಹೆಕ್ಕಿ ಗಾಳಿಗೆ ಬಿಟ್ಟಳು.