ಬಂದರು ನಮ್ಮದು

“ನಮ್ಮ ನಾಯಕರು ಎಷ್ಟೇ ಖಾರವಾಗಿ ಮಾತಾಡಲಿ, ನೀವು ಸ್ವಲ್ಪ ಸಕ್ಕರೆ ಬೆರೆಸಿ ದಾಟಿಸಿಬಿಡಿ,” ಎಂದು ಕಾರ್ಯದರ್ಶಿ ದುಭಾಷಿಯ ಕಿವಿಯಲ್ಲಿ ಉಸುರಿ ಬಾಗಿಲು ತೆರೆದ.

ಒಳಗೆ ಹೊಸದಾಗಿ ಗೆದ್ದ ನಾಯಕರು, ಎದುರಿಗೆ ಲೋಕದ ಹೊಸ ದೊಡ್ಡಣ್ಣನ ರಾಯಭಾರಿ. ಹಳೆಯ ದೊಡ್ಡಣ್ಣನ ಕೈ ಬರಿದಾದ ಮೇಲೆ ದೇಶದ ಬಂದರು ಈ ಹೊಸಬನ ಕಂಪನಿಯ ಪಾಲಾಗಿತ್ತು. ಅಲ್ಲಿ ಕ್ರೇನ್ ನಡೆಸುತ್ತಿದ್ದ ದುಭಾಷಿಯ ಅಣ್ಣ ಕೆಲಸ ಕಳೆದುಕೊಂಡು ಮನೆಯಲ್ಲಿ ಕೂತಿದ್ದ. ‘ಬಂದರು ನಮ್ಮದು, ಹೋದ ಕೆಲಸ ವಾಪಸು’ ಎಂದು ನಾಯಕರು ಊರೂರು ಸುತ್ತಿದಾಗ ಅವರನ್ನು ಹೆಗಲ ಮೇಲೆ ಹೊತ್ತು ಕುಣಿದವರಲ್ಲಿ ಅವನೂ ಒಬ್ಬ. ಈಗ ಟಿವಿ ಮುಂದೆ ರೆಪ್ಪೆ ಮಿಟುಕಿಸದೆ ಕೂತಿರುತ್ತಾನೆಂದು ತಂಗಿಗೆ ಗೊತ್ತಿತ್ತು.

ಕ್ಯಾಮೆರಾಗಳ ದೀಪ ಹತ್ತಿದ್ದೇ ತಡ, ನಾಯಕರು ಮೇಜು ಗುದ್ದಿದರು. “ಬಂದರು ಯಾರಪ್ಪನ ಆಸ್ತಿನೂ ಅಲ್ಲ. ಗಂಟುಮೂಟೆ ಕಟ್ಟಿ ಅಂತ ನಿಮ್ಮ ಕಂಪನಿಗೆ ಹೇಳಿ.”

ಅವಳಿಗೆ ಟಿವಿ ಮುಂದೆ ಕೂತ ಅಣ್ಣ ನೆನಪಾದ. ಸಕ್ಕರೆ ಬೆರೆಸಲು ನಾಲಿಗೆ ಏಳಲಿಲ್ಲ. ತನ್ನ ಕೆಲಸವೂ ಹೋದರೆ ಹೋಗಲಿ ಎಂದುಕೊಂಡು, ಅಪ್ಪನನ್ನೂ ಬಿಡದೆ ಗಂಟುಮೂಟೆಯನ್ನೂ ಬಿಡದೆ ಇದ್ದದ್ದನ್ನು ಇದ್ದ ಹಾಗೇ ದಾಟಿಸಿದಳು. ಕಾರ್ಯದರ್ಶಿ ಬಿಳಿಚಿಕೊಂಡು ಮೈಕು ಆರಿಸಿದ.

ರಾಯಭಾರಿ ಕನ್ನಡಕ ಒರೆಸಿಕೊಳ್ಳುತ್ತ ಮೆಲ್ಲಗೆ ಏನೋ ಅಂದ.

“ಏನಂತೆ?” ನಾಯಕರು ಕೇಳಿದರು.

“ತುಂಬ ಚೆನ್ನಾಗಿತ್ತಂತೆ ಸರ್. ಅವರ ಕ್ಯಾಮೆರಾದಲ್ಲಿ ಮೇಜು ಗುದ್ದಿದ್ದು ಸರಿಯಾಗಿ ಬಂದಿಲ್ವಂತೆ, ಇನ್ನೊಂದು ಸಲ ಹೇಳ್ಬೇಕಂತೆ. ಅವರಲ್ಲೂ ಚುನಾವಣೆ ಹತ್ತಿರ ಇದೆ. ಎಂಥಾ ಹುಲಿನ ಪಳಗಿಸಿದ್ವಿ ಅಂತ ಜನಕ್ಕೆ ತೋರಿಸ್ಬೇಕಂತೆ.”

ನಾಯಕರ ಮುಖ ಅರಳಿತು. ಕಾಲರು ಸರಿಮಾಡಿಕೊಂಡರು. ಮೈಕು ಮತ್ತೆ ಹತ್ತಿತು. ಈ ಸಲ ಎರಡೂ ಕೈಯಿಂದ ಗುದ್ದಿದ ರಭಸಕ್ಕೆ ನೀರಿನ ಲೋಟ ಉರುಳಿತು.

ಟಿವಿಯವರು ಹೋಗಿ ಬಾಗಿಲು ಮುಚ್ಚಿದ ಮೇಲೆ ನಾಯಕರು ಕುರ್ಚಿ ಹತ್ತಿರ ಎಳೆದುಕೊಂಡರು. “ಬಂದರು ಹೇಗೂ ಅವರ ಹತ್ರಾನೇ ಇರುತ್ತೆ. ವಿಮಾನ ನಿಲ್ದಾಣಾನೂ ಅವರೇ ನೋಡ್ಕೊಳ್ತಾರಾ, ಕೇಳಮ್ಮ.” ಅವಳು ಕೇಳಿದಳು. ಅದಕ್ಕೆ ಸಕ್ಕರೆಯ ಅಗತ್ಯವೇ ಬೀಳಲಿಲ್ಲ.

ಸಂಜೆ ಮನೆಗೆ ಬಂದಾಗ ಅಣ್ಣ ಕೆಲಸದ ಹಳೆಯ ಬೂಟುಗಳಿಗೆ ಪಾಲಿಶ್ ಹಾಕುತ್ತಿದ್ದ. “ನಡುವೆ ಸೌಂಡ್ ಹೋಯ್ತಲ್ಲ, ಆ ರಾಯಭಾರಿ ಕಾಲಿಗೆ ಬಿದ್ನಾ?”

ಅವಳು ಪಕ್ಕದಲ್ಲಿ ಕೂತು ನಡೆದದ್ದನ್ನೆಲ್ಲ ಹೇಳಿದಳು. ಅಣ್ಣ ಹೊಳೆಯುತ್ತಿದ್ದ ಬೂಟನ್ನು ಪಕ್ಕಕ್ಕಿಟ್ಟ.

“ನಿನಗೆ ಅವರ ಭಾಷೆ ಅಷ್ಟು ಸರಿಯಾಗಿ ಬರಲ್ಲ ಅನ್ಸುತ್ತೆ ಕಣೆ,” ಎಂದು ಇನ್ನೊಂದು ಬೂಟು ಕೈಗೆತ್ತಿಕೊಂಡ.